ಪ್ರಮೀಳೆಯ ಮುಂದೆ ಪಾರ್ಥ

ಲಕ್ಷ್ಮೀಶನ ಜೈಮಿನಿ ಭಾರತದಲ್ಲಿ ಬರುವ ಪ್ರಮೀಳೆಯ ಪ್ರಸಂಗವನ್ನು ಈಚೆಗೆ ತರಗತಿಯಲ್ಲಿ ಹೇಳಿ ಮುಗಿಸಿದ ದಿನ, ಹಿಂದಿನ ಸಾಲಿನಿಂದ ಒಬ್ಬ ವಿದ್ಯಾರ್ಥಿನಿ ಎದ್ದು ನಿಂತು ಕೇಳಿದಳು: "ಸರ್, ಹಸ್ತಿನಾಪುರಕ್ಕೆ ಹೋದ ಮೇಲೆ ಪ್ರಮೀಳೆ ಏನು ಮಾಡಿದಳು?" ಹದಿನೆಂಟು ವರ್ಷಗಳಿಂದ ಕನ್ನಡ ಪಾಠ ಹೇಳುತ್ತಿದ್ದೇನೆ. ಷಟ್ಪದಿಯ ಲಕ್ಷಣ, ಉಪಮೆಯ ಸೊಗಸು, ಕವಿಯ ಕಾಲವಿಚಾರ, ಇವುಗಳ ಬಗ್ಗೆ ಯಾವ ಪ್ರಶ್ನೆ ಬಂದರೂ ಒಂದಿಷ್ಟು ಉತ್ತರ ನನ್ನ ಬಳಿ ಸಿದ್ಧವಾಗಿರುತ್ತದೆ. ಈ ಪ್ರಶ್ನೆಗೆ ಇರಲಿಲ್ಲ. "ಕಾವ್ಯ ಮುಂದಕ್ಕೆ ಹೋಯಿತಮ್ಮ, ಕುದುರೆಯ ಹಿಂದೆ" ಎಂದೆ. ತರಗತಿ ನಕ್ಕಿತು, ಗಂಟೆ ಹೊಡೆಯಿತು, ನಾನು ಪಾರಾದೆ. ಆದರೆ ಆ ಪ್ರಶ್ನೆ ಬಿನ್ನಿಪೇಟೆಯ ನಮ್ಮ ಮನೆಯವರೆಗೂ ನನ್ನ ಬೆನ್ನುಹತ್ತಿ ಬಂದಿತು. ಅದರಿಂದ ಬಿಡಿಸಿಕೊಳ್ಳಲು ಈ ಬರಹ.

ಕಥೆ ವಾಚಕರಿಗೆ ತಿಳಿದದ್ದೇ. ಧರ್ಮರಾಯನ ಅಶ್ವಮೇಧದ ಕುದುರೆಯ ಕಾವಲಿಗೆ ಅರ್ಜುನ ಹೊರಟಿದ್ದಾನೆ. ಕುರುಕ್ಷೇತ್ರವನ್ನು ಗೆದ್ದವನು, ಬಿಲ್ಲುಗಾರರಲ್ಲಿ ತನ್ನ ಸಮಾನರಿಲ್ಲವೆಂಬುದು ಅವನಿಗೂ ಗೊತ್ತು, ಲೋಕಕ್ಕೂ ಗೊತ್ತು. ಆದರೆ ಅವನ ಕುದುರೆಗೆ ಗೊತ್ತಿದ್ದಂತೆ ಕಾಣುವುದಿಲ್ಲ! ಅದು ಪಾರ್ವತಿಯ ಶಾಪವಿದ್ದ ತಾಣವನ್ನು ಹೊಕ್ಕು ಹೆಣ್ಣುಕುದುರೆಯಾಗುತ್ತದೆ. ಮುಂದೆ ಇನ್ನೊಂದು ಕೊಳದ ನೀರು ಮುಟ್ಟಿ ಹುಲಿಯಾಗುತ್ತದೆ. ಲೋಕೈಕವೀರನು ಕಕ್ಕಾಬಿಕ್ಕಿಯಾಗಿ ಕೃಷ್ಣನನ್ನು ನೆನೆಯಬೇಕಾಗುತ್ತದೆ. ಕುದುರೆ ಮತ್ತೆ ಕುದುರೆಯಾಗಿ ನೆಟ್ಟಗೆ ನಡೆದುಹೋಗುವುದು ಎಲ್ಲಿಗೆ? ಸ್ತ್ರೀರಾಜ್ಯಕ್ಕೆ. ಅಲ್ಲಿ ರಾಜನೂ ಹೆಣ್ಣು, ಪಡೆಯೂ ಹೆಣ್ಣು. ರಾಣಿ ಪ್ರಮೀಳೆ ಕುದುರೆಯನ್ನು ಕಟ್ಟಿಹಾಕಿಸಿ, ಆನೆ ಕುದುರೆಗಳನ್ನೇರಿದ ಹೆಣ್ಣುಸೈನ್ಯದೊಡನೆ ಎದುರು ನಿಲ್ಲುತ್ತಾಳೆ.

ಇಲ್ಲಿಂದ ಮುಂದಿನದನ್ನು ವೀರರಸವೆಂದು ಕರೆಯುವುದು ನನ್ನ ಮಟ್ಟಿಗೆ ಸಾಧ್ಯವಾಗಿಲ್ಲ. ಹೆಣ್ಣಿನೊಡನೆ ಹೋರಾಡಿ ಗೆದ್ದರೆ ಕೀರ್ತಿಯಿಲ್ಲ, ಸೋತರೆ ಮುಖ ತೋರಿಸುವಂತಿಲ್ಲ. ಪ್ರಮೀಳೆಗೆ ಇಂಥ ತೊಡಕು ಯಾವುದೂ ಇಲ್ಲ. ಅವಳ ಮಾತು ನೇರ: ನನ್ನನ್ನು ಮದುವೆಯಾಗು, ಇಲ್ಲವೆ ಯುದ್ಧ ಮಾಡು. ಅರ್ಜುನ ವ್ರತದ ಮಾತೆತ್ತುತ್ತಾನೆ. ಈ ನಾಡಿನ ಹೆಂಗಸರ ಸಂಗ ಮಾಡಿದ ಗಂಡಸು ತಿಂಗಳೊಪ್ಪತ್ತಿನಲ್ಲಿ ಸಾಯುತ್ತಾನಂತೆ ಎಂಬ ಅಂಜಿಕೆಯೂ ಅವನಿಗಿದೆ. ಸುಭದ್ರೆಯನ್ನು ಹಾರಿಸಿಕೊಂಡು ಹೋದ ಸಾಹಸಿಗೆ, ತಾನಾಗಿ ಬಂದು ಕೈಹಿಡಿ ಎನ್ನುವ ಹೆಣ್ಣಿನ ಮುಂದೆ ನಾಲಗೆ ತೊಡರುತ್ತದೆ. ಕೊನೆಗೆ ಬಿಲ್ಲೆತ್ತುತ್ತಾನೆ, ಅವನ ಬಾಣಗಳು ಅವಳ ಮುಂದೆ ನಡೆಯುವುದಿಲ್ಲ. ಕೆರಳಿ ಮಹಾಸ್ತ್ರಕ್ಕೆ ಕೈಹಾಕುವ ಹೊತ್ತಿಗೆ ಆಕಾಶವಾಣಿಯಾಗುತ್ತದೆ: ಇವಳನ್ನು ನೀನು ಗೆಲ್ಲಲಾರೆ, ವರಿಸು. ಅರ್ಜುನ ಒಪ್ಪುತ್ತಾನೆ. ಮನೆಯ ಹಿರಿಯರು ತಿದ್ದಬೇಕಾದ ಹುಡುಗನನ್ನು ಇಲ್ಲಿ ಆಕಾಶವೇ ತಿದ್ದಬೇಕಾಯಿತು!

ಇದು ನಗುವ ಕಥೆ. ಹಾಗೆ ಹೇಳಲು ನಾವು ಉಪಾಧ್ಯಾಯರು ಏಕೆ ಹಿಂಜರಿಯುತ್ತೇವೋ ತಿಳಿಯದು. ನಾನಂತೂ ಬಹಳ ಕಾಲ ಹಿಂಜರಿದೆ. ಸುಧನ್ವನ ಭಕ್ತಿ, ಚಂದ್ರಹಾಸನ ಕಥೆ, ಸೀತಾಪರಿತ್ಯಾಗದ ಕರುಣೆ, ಬಭ್ರುವಾಹನನ ಕಾಳಗ, ಇವು ಪಾಠಕ್ಕೆ ಯೋಗ್ಯವಾದ 'ಘನ' ಭಾಗಗಳು. ಪ್ರಮೀಳೆಯದು ದಾರಿಯ ಮೇಲಿನ ಒಂದು ಸಣ್ಣ ತಮಾಷೆ ಎಂದು ನನ್ನ ಗುರುಗಳು ಹೇಳಿದ್ದರು, ನಾನೂ ಹೇಳಿದೆ. ಹಾಸ್ಯವೆಂದರೆ ಊಟದ ಕೊನೆಯ ತಾಂಬೂಲವಿದ್ದಂತೆ, ಹೊಟ್ಟೆ ತುಂಬುವುದು ಬೇರೆಯದರಿಂದ ಎಂಬ ನಂಬಿಕೆ ನಮ್ಮಲ್ಲಿ ಬೇರೂರಿದೆ. ಇದು ಕಾವ್ಯಕ್ಕೆ ನ್ಯಾಯವಲ್ಲ. ಜೈಮಿನಿ ಭಾರತದ ಉದ್ದಕ್ಕೂ ನಡೆಯುವ ಕೆಲಸವೇ ಅರ್ಜುನನ ಹಮ್ಮನ್ನು ಒಂದೊಂದೇ ಮೆಟ್ಟಿಲು ಇಳಿಸುವುದು. ಸುಧನ್ವನ ಮುಂದೆ ಅದು ಭಕ್ತಿಯಿಂದ ಆಗುತ್ತದೆ, ಮಣಿಪುರದಲ್ಲಿ ಸಾವಿನಿಂದ ಆಗುತ್ತದೆ. ಈ ಎರಡರ ನಡುವೆ, ಸ್ತ್ರೀರಾಜ್ಯದಲ್ಲಿ, ನಗೆಯಿಂದ ಆಗುತ್ತದೆ. ನಡುವಿನ ಮೆಟ್ಟಿಲನ್ನು ಕಿತ್ತುಹಾಕಿ ಏಣಿ ಹತ್ತುವುದು ಹೇಗೆ?

ಇಂಥ ನಗೆ ನಮ್ಮಲ್ಲಿ ಹೊಸದೂ ಅಲ್ಲ. 'ಉತ್ತರನ ಪೌರುಷ ಒಲೆಯ ಮುಂದೆ' ಎಂಬ ಗಾದೆ ಕುಮಾರವ್ಯಾಸನನ್ನು ಓದದವರ ಬಾಯಲ್ಲಿಯೂ ಇದೆ. ಹೆಂಗಸರ ನಡುವೆ ಕುಳಿತು ಕೌರವರನ್ನು ಮಾತಿನಲ್ಲೇ ಕೊಚ್ಚಿಹಾಕಿದ ರಾಜಕುಮಾರ, ಸೇನೆಯನ್ನು ಕಂಡೊಡನೆ ರಥದಿಂದ ಧುಮುಕಿ ಓಡುತ್ತಾನೆ. ಸಾರಥಿಯಾಗಿ ಬಂದ ಬೃಹನ್ನಳೆ ಜಡೆ ಬೀಸುತ್ತ ಅವನನ್ನು ಅಟ್ಟಿ ಹಿಡಿಯುತ್ತಾಳೆ. ಶತ್ರುಸೇನೆಯೇ ನಿಂತು ನಗುವ ಯುದ್ಧಾರಂಭ ಲೋಕದ ಕಾವ್ಯಗಳಲ್ಲಿ ಎಷ್ಟಿವೆಯೋ! ಆದರೆ ಗಾದೆ ಮರೆತ ಎರಡು ಸಂಗತಿಗಳುಂಟು. ತಂದೆ ವಿರಾಟ ಮಗನೇ ಗೆದ್ದನೆಂದು ಉಬ್ಬಿ ಕುಳಿತಿರುವಾಗ, ಗೆದ್ದವನು ತಾನಲ್ಲವೆಂದು ಹೇಳಿದವನು ಈ ಉತ್ತರನೇ. ಮುಂದೆ ಕುರುಕ್ಷೇತ್ರದ ಮೊದಲ ದಿನವೇ ಓಡದೆ ನಿಂತು ಶಲ್ಯನ ಕೈಯಲ್ಲಿ ಮಡಿದವನೂ ಈ ಉತ್ತರನೇ. ನಗೆಗೀಡಾದವನು ಹಾಳಾಗಲಿಲ್ಲ, ನಗೆ ಅವನನ್ನು ಮನುಷ್ಯನನ್ನಾಗಿ ಮಾಡಿತು.

ಈ ಬಗೆಯ ಕಥೆ ನಮ್ಮ ದೇಶಕ್ಕೇ ಮೀಸಲೆಂದೂ ತಿಳಿಯಬೇಕಾಗಿಲ್ಲ. ಹದಿಮೂರನೆಯ ಶತಮಾನದ ಸುಮಾರಿಗೆ ಫ್ರಾನ್ಸಿನಲ್ಲಿ ಹುಟ್ಟಿದ 'ಓಕಾಸಿನ್ ಮತ್ತು ನಿಕೊಲೆತ್' ಎಂಬ ಪುಟ್ಟ ಕೃತಿಯೊಂದಿದೆ. ಬರೆದವನ ಹೆಸರು ಉಳಿದಿಲ್ಲ; ಕೃತಿ ಉಳಿದಿರುವುದೂ ಒಂದೇ ಒಂದು ಹಸ್ತಪ್ರತಿಯಲ್ಲಿ. ಹಾಡುವ ಪದ್ಯ, ಹೇಳುವ ಗದ್ಯ ಇವೆರಡೂ ಒಂದರ ಬೆನ್ನಿಗೊಂದು ಬರುತ್ತವೆ. ಚಂಪುವಿನ ಪರಿಚಯವಿರುವ ಕನ್ನಡಿಗನಿಗೆ ಅದರ ಹೊರರೂಪವೇ ನೆಂಟರ ಮನೆಯಂತೆ ತೋರುತ್ತದೆ. ಬೋಕೇರ್ ಎಂಬ ಊರಿನ ದೊರೆಯ ಮಗ ಓಕಾಸಿನ್. ಪರದೇಶದಿಂದ ಸೆರೆಯಾಗಿ ಬಂದ ಹುಡುಗಿ ನಿಕೊಲೆತ್. ಅವನಿಗೆ ಅವಳ ಮೇಲೆ ಅಪಾರ ಪ್ರೀತಿ. ಆ ಪ್ರೀತಿಯಿಂದ ಅವನಿಗೆ ಮಾಡಲು ಬರುವ ಕೆಲಸ ಮಾತ್ರ ಒಂದೇ: ಅಳುವುದು.

ಯುದ್ಧಭೂಮಿಗೆ ಹೋದವನು ಅವಳನ್ನೇ ನೆನೆಯುತ್ತ ಕಡಿವಾಣ ಸಡಿಲಬಿಟ್ಟು ಶತ್ರುಗಳ ನಡುವೆ ಸೆರೆಸಿಕ್ಕುತ್ತಾನೆ. ತಲೆ ಹೋದರೆ ಪ್ರಿಯೆಯೊಡನೆ ಮಾತಾಡುವುದು ಹೇಗೆ ಎಂದು ಹೊಳೆದ ಮೇಲೆಯೇ ಅವನು ಕತ್ತಿ ಬೀಸುವುದು. ತಂದೆ ಅವನನ್ನು ಸೆರೆಮನೆಗೆ ಹಾಕಿದಾಗ, ತಾನೂ ಬಂದಿಯಾಗಿದ್ದ ನಿಕೊಲೆತ್ ಹಾಸಿಗೆಯ ವಸ್ತ್ರಗಳನ್ನು ಹಗ್ಗದಂತೆ ಕಟ್ಟಿ ಕಿಟಕಿಯಿಂದಿಳಿದು, ಇಬ್ಬನಿಯಲ್ಲಿ ನಡೆದು ಅವನ ಗೋಪುರದ ಬಿರುಕಿನ ಬಳಿಗೆ ಬರುತ್ತಾಳೆ. ಆಗ ಈ ಮಹಾಶಯ ಒಳಗಿನಿಂದ ಅವಳಿಗೆ ಏನು ಹೇಳುತ್ತಾನೆ ಬಲ್ಲಿರಾ? ಹೆಂಗಸರ ಪ್ರೀತಿ ಗಂಡಸರ ಪ್ರೀತಿಯಷ್ಟು ಆಳವಾದದ್ದಲ್ಲವೆಂದು ಉಪನ್ಯಾಸ ಮಾಡುತ್ತಾನೆ! ಬಿಡುಗಡೆಯಾಗಿ ಅವಳನ್ನು ಹುಡುಕುತ್ತ ಕಾಡಿಗೆ ಬಂದವನು, ಅವಳು ಕಟ್ಟಿದ ಎಲೆಮನೆಯನ್ನು ಕಂಡ ಸಂಭ್ರಮದಲ್ಲಿ ಕುದುರೆಯಿಂದ ಬಿದ್ದು ಹೆಗಲ ಕೀಲು ತಪ್ಪಿಸಿಕೊಳ್ಳುತ್ತಾನೆ. ನಿಕೊಲೆತ್ ಅಳುವುದಿಲ್ಲ. ಹೆಗಲನ್ನು ನೀವಿ ಕೀಲು ಕೂರಿಸಿ, ಸೊಪ್ಪಿನ ಪಟ್ಟು ಕಟ್ಟಿ, ಮುಂದೇನು ಮಾಡಬೇಕೆಂದು ಯೋಚಿಸುತ್ತಾಳೆ.

ಆ ಕಥೆಯಲ್ಲಿಯೂ ನಮ್ಮ ಸ್ತ್ರೀರಾಜ್ಯದಂಥ ಒಂದು ತಲೆಕೆಳಗಾದ ನಾಡುಂಟು. ಅದರ ಹೆಸರು ತೋರೆಲೋರ್. ಅಲ್ಲಿ ರಾಜ ಬಾಣಂತಿಯಂತೆ ಮಂಚದ ಮೇಲೆ ಮಲಗಿದ್ದಾನೆ. ರಾಣಿ ದಂಡಿನೊಡನೆ ಯುದ್ಧಕ್ಕೆ ಹೋಗಿದ್ದಾಳೆ. ಯುದ್ಧ ನಡೆಯುವುದು ಕಾಡುಸೇಬು, ಮೊಟ್ಟೆ, ಹಸಿ ಗಿಣ್ಣುಗಳನ್ನು ಎಸೆದಾಡಿ. ಓಕಾಸಿನ್ ನಡುವೆ ನುಗ್ಗಿ ನಿಜವಾಗಿಯೇ ಕಡಿಯಲು ತೊಡಗಿದಾಗ ಆ ರಾಜ ಅವನನ್ನು ತಡೆದು, ಒಬ್ಬರನ್ನೊಬ್ಬರು ಕೊಲ್ಲುವುದು ನಮ್ಮಲ್ಲಿ ವಾಡಿಕೆಯಲ್ಲ ಎನ್ನುತ್ತಾನೆ. ಹಾಸ್ಯಕ್ಕೆ ಇದಕ್ಕಿಂತ ದೊಡ್ಡ ಮಾತನ್ನು ಆಡಲು ಸಾಧ್ಯವೆ? ಕಥೆಯ ಕೊನೆಯಲ್ಲಿ ಕಾರ್ಥೇಜಿನ ರಾಜಪುತ್ರಿಯೆಂದು ಗುರುತಾದ ನಿಕೊಲೆತ್, ಮುಖಕ್ಕೆ ಕಪ್ಪು ಬಳಿದುಕೊಂಡು, ಗಂಡುವೇಷದಲ್ಲಿ ಹಾಡುಗಾರನಾಗಿ, ವಾದ್ಯ ಹಿಡಿದು ಸಮುದ್ರ ದಾಟಿ ಬೋಕೇರಿಗೆ ಬರುತ್ತಾಳೆ. ಓಕಾಸಿನ್ ಅಲ್ಲಿ ಅವಳಿಗಾಗಿ ಮಾಡುತ್ತಿದ್ದುದು ಮೊದಲಿನ ಕೆಲಸವನ್ನೇ. ಇಬ್ಬರಿಗೂ ಮದುವೆಯಾಗುತ್ತದೆ, ನಿಕೊಲೆತ್ ಬೋಕೇರಿನ ಒಡತಿಯಾಗುತ್ತಾಳೆ.

ಎರಡು ಕಥೆಗಳನ್ನೂ ಪಕ್ಕಪಕ್ಕದಲ್ಲಿಟ್ಟು ನೋಡಿದಾಗ ನನಗೆ ತೋರುವುದಿಷ್ಟು. ಎಡವುವ ವೀರನನ್ನು ಕಂಡು ನಾವು ನಗುವುದು ಅವನು ಕೀಳೆಂದಲ್ಲ. ವೀರತ್ವವೆಂಬ ಕವಚವನ್ನು ಹೊತ್ತು ಅವನು ಪಡುವ ಪಾಡನ್ನು ಕಂಡು ನಗುತ್ತೇವೆ. ಆ ಕವಚವನ್ನು ಬಿಚ್ಚಲು ಒಂದು ಕೈ ಬೇಕು. ಆ ಕೈ ಕೆಲಸ ಬಲ್ಲ ಹೆಣ್ಣಿನದು. ಹಾಗೆಂದು ಅವಳು ಬರಿಯ ಕಲ್ಪನೆಯ ಹೆಣ್ಣೂ ಅಲ್ಲ. ಕೋಟೆಗೆ ಮುತ್ತಿಗೆ ಹಾಕಿದ ಹನ್ನೊಂದನೆಯ ಶತಮಾನದ ಚಾಲುಕ್ಯರ ಅಕ್ಕಾದೇವಿ, 1671ರಿಂದ ಸುಮಾರು 25 ವರ್ಷ ಕೆಳದಿಯನ್ನಾಳಿದ ಚೆನ್ನಮ್ಮಾಜಿ, ಇಂಥವರ ನಾಡಿನಲ್ಲಿ ಪ್ರಮೀಳೆಯನ್ನು ನಂಬುವುದಕ್ಕೆ ಕವಿಸಮಯದ ನೆರವು ಬೇಕಿಲ್ಲ. ನಿಜ, ತಿಂಗಳೊಳಗೆ ಸಾಯುವ ಗಂಡಸರ ಮಾತಿನಲ್ಲಿ ಹೆಣ್ಣಾಳ್ವಿಕೆಯನ್ನು ಕಂಡ ಗಂಡಿನ ಅಂಜಿಕೆ ಅಡಗಿದೆ. ಆದರೆ ಅಂಜಿಕೆಯನ್ನು ನಗೆಯಾಗಿ ಹೊರಹಾಕಿದ ಕಾವ್ಯ, ಅಂಜಿಕೆಯನ್ನು ಶಾಸ್ತ್ರವಾಗಿ ಕಟ್ಟಿದ ಗ್ರಂಥಗಳಿಗಿಂತ ಎಷ್ಟೋ ಪಾಲು ಆರೋಗ್ಯವಾದದ್ದು.

ಇಷ್ಟಾದರೂ ವಿದ್ಯಾರ್ಥಿನಿಯ ಪ್ರಶ್ನೆ ಹಾಗೆಯೇ ಉಳಿಯಿತು. ಅದು ನನ್ನನ್ನು ಚುಚ್ಚಿದ್ದಕ್ಕೆ ಒಂದು ಕಾರಣವುಂಟು. ಪ್ರಮೀಳೆಯನ್ನು ನಾನು ಮೊದಲು ಕಂಡದ್ದು ಪುಸ್ತಕದಲ್ಲಲ್ಲ. ನಮ್ಮ ಬಿನ್ನಿಪೇಟೆಯ ಬೀದಿಯಲ್ಲಿ.

1884ರಲ್ಲಿ ಆರಂಭವಾದ ನಮ್ಮ ಪೇಟೆಯ ಬಟ್ಟೆಗಿರಣಿ ನಾನು ಹುಡುಗನಾಗಿದ್ದಾಗ ಇನ್ನೂ ನಡೆಯುತ್ತಿತ್ತು. ಈಗ ಆ ನೆಲದಲ್ಲಿ ಬಹುಮಹಡಿಯ ವಸತಿಗಳೂ ಮಾಲೂ ಎದ್ದು ನಿಂತಿವೆ. ನನ್ನ ತಂದೆ ಅಲ್ಲಿ ನೇಯ್ಗೆಯ ಕೆಲಸದಲ್ಲಿದ್ದರು. ಹಗಲು ಮಗ್ಗದ ಸದ್ದಿನಲ್ಲಿ ಕಳೆದ ಜನ, ರಾತ್ರಿ ಹಾರ್ಮೋನಿಯಂ ಮೇಷ್ಟ್ರ ಮುಂದೆ ಕುಳಿತು ಪೌರಾಣಿಕ ನಾಟಕ ಕಲಿಯುತ್ತಿದ್ದರು. ಇಂಥ ನಾಟಕಗಳ ಕಟ್ಟಳೆ ಇಂದಿಗೂ ನಮ್ಮ ಹಳ್ಳಿಪೇಟೆಗಳಲ್ಲಿ ಬದಲಾಗಿಲ್ಲ. ಪಾತ್ರ ವಹಿಸುವವನೇ ಪಾತ್ರಕ್ಕೆ ಇಷ್ಟೆಂದು ಹಣ ಕೊಡಬೇಕು. ಕೃಷ್ಣನಿಗೂ ದುರ್ಯೋಧನನಿಗೂ ಹೆಚ್ಚು, ದೂತನಿಗೆ ಕಡಿಮೆ. ಡ್ರೆಸ್ಸು, ಸೀನರಿ ಬಾಡಿಗೆಗೆ ಬರುತ್ತವೆ. ಸ್ತ್ರೀಪಾತ್ರಕ್ಕೆ ವೃತ್ತಿ ಕಲಾವಿದೆಯರನ್ನು ಹೊರಗಿನಿಂದ ಕರೆಸುತ್ತಾರೆ. ಗಂಡಸರು ಆರು ತಿಂಗಳು ಕಲಿತು ಒಂದು ರಾತ್ರಿ ಆಡುವವರು. ಆ ಹೆಂಗಸರು ಇಂದು ಒಂದೂರಲ್ಲಿ, ನಾಳೆ ಇನ್ನೊಂದೂರಲ್ಲಿ, ಕಲಿಯದ ತಂಡದೊಡನೆ ನೇರವಾಗಿ ರಂಗಕ್ಕಿಳಿಯುವವರು. ತಮ್ಮ ಮಾತಷ್ಟೇ ಅಲ್ಲ, ಎದುರಿನವನ ಮಾತೂ ಅವರಿಗೆ ಬಾಯಿಪಾಠವಾಗಿರಬೇಕು.

ನನಗಾಗ ಎಂಟೋ ಒಂಬತ್ತೋ ವರ್ಷ. ಆ ಸಲ ಆಡಿದ್ದು ಪ್ರಮೀಳಾರ್ಜುನರ ಕಥೆ. ನನ್ನ ತಂದೆಯೇ ಅರ್ಜುನ. ರಂಗಪ್ರವೇಶದ ಹಾಡು ಚೆನ್ನಾಗಿಯೇ ಆಯಿತು. ಯುದ್ಧದ ದೃಶ್ಯದಲ್ಲಿ ಅವರು ಬಿಲ್ಲನ್ನು ಆವೇಶದಿಂದ ಮೇಲೆತ್ತಿದರು. ಅದರ ತುದಿ ಪರದೆಯ ಹಗ್ಗಕ್ಕೆ ಸಿಕ್ಕಿಕೊಂಡಿತು. ಎಳೆದರು, ಬರಲಿಲ್ಲ. ಇನ್ನೂ ಜೋರಾಗಿ ಎಳೆದರು; ಕಿರೀಟ ಜಾರಿ ಕಣ್ಣಿನ ಮೇಲೆ ಕುಳಿತಿತು. ಕಣ್ಣು ಕಾಣದ ಅರ್ಜುನನಿಗೆ ಮಾತೂ ಮರೆಯಿತು. ಮೇಷ್ಟ್ರು ಹಾರ್ಮೋನಿಯಂನಲ್ಲಿ ಒಂದೇ ಸ್ವರವನ್ನು ಹಿಡಿದುಕೊಂಡು ದೇವರನ್ನು ನೆನೆಯುತ್ತಿದ್ದರು. ಜನರ ಕಡೆಯಿಂದ ಮೊದಲ ಸಿಳ್ಳು ಬಂತು.

ಪ್ರಮೀಳೆಯ ಪಾತ್ರದಲ್ಲಿದ್ದಾಕೆ ಅಳುಕದೆ ಎರಡು ಹೆಜ್ಜೆ ಮುಂದೆ ಬಂದು, ಕಂಠವೆತ್ತಿ ಹೇಳಿದಳು: "ಪಾರ್ಥ, ನನ್ನ ನಾಡಿನಲ್ಲಿ ಮರಬಳ್ಳಿಗಳೂ ಹೆಣ್ಣಿನ ಪಕ್ಷ. ಆ ಬಿಲ್ಲನ್ನು ಇತ್ತ ಕೊಡು, ಬಿಡಿಸಿಕೊಡುತ್ತೇನೆ. ಆಮೇಲೆ ಯುದ್ಧ ಮಾಡೋಣ!" ಹೇಳುತ್ತಲೇ ಹಗ್ಗದ ಗಂಟನ್ನು ಬಿಡಿಸಿದಳು, ಬಿಡಿಸುವಾಗ ತುಟಿ ಅಲುಗದಂತೆ ಅವರ ಮುಂದಿನ ಮಾತನ್ನು ಅವರ ಕಿವಿಗೆ ಹಾಕಿದಳು, ಹಿಂದಿರುಗುವಾಗ ಒಂದು ಬೆರಳಿನಿಂದ ಕಿರೀಟವನ್ನೂ ಸರಿಪಡಿಸಿದಳು. ಇದೆಲ್ಲ ನಾಟಕದಲ್ಲೇ ಇದ್ದದ್ದೆಂದು ತಿಳಿದ ಜನ ಚಪ್ಪಾಳೆ ತಟ್ಟಿ ಮತ್ತೊಮ್ಮೆ ಎಂದು ಕೂಗಿದರು. ನಾಟಕ ಬೆಳಗಿನ ಜಾವದವರೆಗೂ ನಡೆದು ಸುಖವಾಗಿ ಮುಗಿಯಿತು.

ಮನೆಗೆ ಬಂದ ತಂದೆ ಬಣ್ಣ ತೊಳೆದುಕೊಳ್ಳುತ್ತ, ಹಗ್ಗ ಕಟ್ಟಿದವರನ್ನು ಬಯ್ಯತೊಡಗಿದರು. ನನ್ನ ತಾಯಿ ಒಲೆಯ ಮೇಲೆ ನೀರಿಟ್ಟು, "ಆ ಯಮ್ಮ ಕೈ ಬಿಟ್ಟಿದ್ದರೆ ನೀವು ಈಗಲೂ ಆ ಹಗ್ಗದಲ್ಲೇ ನೇತಾಡ್ತಿದ್ರಿ" ಎಂದರು. ತಂದೆ ಸ್ವಲ್ಪ ಹೊತ್ತು ಸುಮ್ಮನಿದ್ದು ಆಮೇಲೆ ನಕ್ಕರು. ಅಂದು ಸಂಜೆ ಹೋಟೆಲಿನಲ್ಲಿ ಗೆಳೆಯರು ಅರ್ಜುನನ ಪಾತ್ರವನ್ನು ಹೊಗಳಿದಾಗ, "ನಾಟಕ ಉಳಿಸಿದ್ದು ನಾನಲ್ಲಪ್ಪ, ಆಕೆ" ಎಂದು ಅವರು ಹೇಳಿದ್ದನ್ನು ನಾನು ಪಕ್ಕದಲ್ಲಿ ನಿಂತು ಕೇಳಿದ್ದೇನೆ. ಉತ್ತರಕುಮಾರನ ಬಗ್ಗೆ ನನಗಿರುವ ಗೌರವಕ್ಕೆ ಮೂಲ ಈ ಮಾತೇ ಇರಬೇಕು.

ಆದರೆ ಆಕೆ ಯಾರು? ಆ ನಾಟಕದ ಕರಪತ್ರ ನಮ್ಮ ಮನೆಯ ಪೆಟ್ಟಿಗೆಯಲ್ಲಿ ಬಹಳ ಕಾಲ ಇತ್ತು. ಅದರಲ್ಲಿ ನನ್ನ ತಂದೆಯ ಹೆಸರಿದೆ, ದೂತನ ಹೆಸರಿದೆ, ಶಾಮಿಯಾನದವರ ಹೆಸರೂ ಇದೆ. ಕೊನೆಯಲ್ಲಿ ಒಂದು ಸಾಲು: ಸ್ತ್ರೀಪಾತ್ರಗಳು ನುರಿತ ಕಲಾವಿದೆಯರಿಂದ. ಅಷ್ಟೆ. ಮಂಗಳಾರತಿಯಾದೊಡನೆ ಆಕೆ ಟ್ರಂಕನ್ನು ಎತ್ತಿಕೊಂಡು ಮೊದಲ ಬಸ್ಸಿಗೆ ಹೊರಟುಹೋದಳಂತೆ. ಮರುದಿನ ಬೇರೆ ಊರಿನಲ್ಲಿ ಬೇರೊಬ್ಬ ಅರ್ಜುನನನ್ನೋ ಭೀಮನನ್ನೋ ಕಾಪಾಡಬೇಕಿತ್ತು. ಯಾವ ಊರಿನವಳು, ಹೆಸರೇನು ಎಂದು ಎಷ್ಟೋ ವರ್ಷಗಳ ಮೇಲೆ ತಂದೆಯನ್ನು ಕೇಳಿದೆ. ಅವರಿಗೆ ತಿಳಿದಿರಲಿಲ್ಲ. ತಿಳಿದಿರಲಿಲ್ಲವೆಂಬುದು ಆಗ ಅವರಿಗೆ ಮೊದಲ ಸಲ ತಿಳಿದಂತೆ ಕಂಡಿತು.

ಈಗ ವಿದ್ಯಾರ್ಥಿನಿಯ ಪ್ರಶ್ನೆಗೆ ಬರುತ್ತೇನೆ. ಮದುವೆಗೆ ಒಪ್ಪಿದ ಅರ್ಜುನ ಪ್ರಮೀಳೆಯನ್ನು ಹಸ್ತಿನಾಪುರಕ್ಕೆ ಕಳುಹಿಸುತ್ತಾನೆ; ತಾನು ಕುದುರೆಯ ಹಿಂದೆ ನಡೆಯುತ್ತಾನೆ. ಕವಿಯೂ ಅವನ ಹಿಂದೆಯೇ. ಒಂದು ರಾಜ್ಯವನ್ನು ನಡೆಸಿದವಳು, ಸೈನ್ಯವನ್ನು ಕಟ್ಟಿದವಳು, ಗಾಂಡೀವಿಯನ್ನು ನಿಲ್ಲಿಸಿದವಳು ಅರಮನೆಯ ಸೊಸೆಯರ ಸಾಲಿನಲ್ಲಿ ಹೋಗಿ ಸೇರುತ್ತಾಳೆ. ಅವಳ ನಾಡು ಏನಾಯಿತು? ಕೇಳುವವರಿಲ್ಲ. ನಿಕೊಲೆತ್‌ಗೆ ದೊರೆತ ಕೊನೆ ಅವಳಿಗೆ ದೊರೆಯಲಿಲ್ಲ. ವೀರನ ಹಮ್ಮನ್ನು ಬಿಡಿಸುವವರೆಗೆ ಅವಳು ಬೇಕು. ಬಿಡಿಸಿಯಾದ ಮೇಲೆ ಕಥೆ ಮತ್ತೆ ವೀರನದು. ನಮ್ಮ ಕರಪತ್ರವೂ ಮಾಡಿದ್ದು ಇದನ್ನೇ.

ಲಕ್ಷ್ಮೀಶನನ್ನು ಇದಕ್ಕಾಗಿ ದೂರುವುದು ಸಲ್ಲದು. ಅವನು ಹಿಡಿದ ಕಥೆಯ ಗುರಿ ಕೃಷ್ಣಮಹಿಮೆ. ಅವನ ದಾರಿ ಕುದುರೆಯ ದಾರಿ. ಮೇಲಾಗಿ, ಪ್ರಮೀಳೆಯನ್ನು ಅಷ್ಟು ಜೀವಂತವಾಗಿ ನಿಲ್ಲಿಸಿದವನು ಅವನೇ ಆದ್ದರಿಂದ ಅಲ್ಲವೆ, ಇಷ್ಟು ಶತಮಾನಗಳ ಮೇಲೆ ಒಬ್ಬ ಹುಡುಗಿ ಎದ್ದು ನಿಂತು ಅವಳ ಕ್ಷೇಮವನ್ನು ವಿಚಾರಿಸಿದ್ದು? ದೂರು ಇರುವುದು ನಮ್ಮ ಮೇಲೆ, ಓದುವವರ ಮೇಲೆ, ಓದಿಸುವವರ ಮೇಲೆ. ನಗುವ ಜಾಗದಲ್ಲಿ ನಾವು ನಗಲಿಲ್ಲ. ನಕ್ಕ ಮೇಲೆ ಕೇಳಬೇಕಾದದ್ದನ್ನು ಕೇಳಲಿಲ್ಲ. ಪ್ರಮೀಳೆಯ ಪ್ರಸಂಗವನ್ನು ಮೌಲ್ಯಬೋಧನೆಯ ಕಾಗದದಲ್ಲಿ ಸುತ್ತದೆ, ಗಟ್ಟಿಯಾಗಿ ಓದಿ ತರಗತಿಯನ್ನು ನಗಿಸಬೇಕು ಎಂಬುದು ನನ್ನ ಮೊದಲ ಸಲಹೆ. ನಗೆ ಅಡಗಿದ ಮೇಲೆ, ಕಾವ್ಯ ಬಿಟ್ಟುಹೋದವಳ ವಿಷಯವನ್ನು ಎತ್ತಬೇಕು ಎಂಬುದು ಎರಡನೆಯದು. ಮೊದಲನೆಯದು ಇಲ್ಲದಿದ್ದರೆ ಎರಡನೆಯದು ಬರಿಯ ಉಪದೇಶವಾದೀತು. ಎರಡನೆಯದು ಇಲ್ಲದಿದ್ದರೆ ನಮ್ಮ ನಗೆ ಸಾಲವಾಗಿಯೇ ಉಳಿದೀತು.

ಮುಂದಿನ ತರಗತಿಯಲ್ಲಿ ಆ ವಿದ್ಯಾರ್ಥಿನಿಗೆ, "ನನಗೆ ತಿಳಿಯದಮ್ಮ, ಕಾವ್ಯ ಹೇಳಿಲ್ಲ, ನಾನೂ ಇದುವರೆಗೆ ಕೇಳಿಕೊಂಡಿರಲಿಲ್ಲ" ಎಂದೆ. ಅವಳಿಗೆ ಈ ಉತ್ತರ ಹಿಂದಿನ ಉತ್ತರಕ್ಕಿಂತ ಹಿಡಿಸಿದಂತೆ ತೋರಿತು. ಕಾಲೇಜಿನ ವಾರ್ಷಿಕೋತ್ಸವಕ್ಕೆ ಹುಡುಗರು ಹುಡುಗಿಯರು ಸೇರಿ ಪ್ರಮೀಳಾರ್ಜುನರ ಕಥೆಯನ್ನೇ ಆಡಬೇಕೆಂದಿದ್ದಾರೆ. ನನಗೆ ಕೊಟ್ಟಿರುವ ಕೆಲಸ ಕರಪತ್ರ ಬರೆಯುವುದು. ಪ್ರಮೀಳೆಯಾಗುವವಳ ಹೆಸರನ್ನು ಮೊದಲ ಸಾಲಿನಲ್ಲಿ ಬರೆದಿಟ್ಟಿದ್ದೇನೆ. ಅರ್ಜುನನ ಪಾತ್ರಕ್ಕೆ ಇನ್ನೂ ಯಾರೂ ಒಪ್ಪಿಲ್ಲ.